ದ್ರೌಪದಿಯ ಪಾರ್ಟು ಯಾರದು?

ಕೆಂಗೇರಿ ದಾಟಿ ಬಿಡದಿ, ತಾವರೆಕೆರೆ, ಮಾಗಡಿ ಕಡೆಯ ಹಳ್ಳಿಗಳಿಗೆ ಹೋದರೆ ಸುಗ್ಗಿ ಮುಗಿದ ಮೇಲೆ ಕುರುಕ್ಷೇತ್ರ ನಾಟಕದ ಫ್ಲೆಕ್ಸ್ ಕಾಣದ ಊರು ಕಡಿಮೆ. ದುರ್ಯೋಧನ ಯಾರು, ಭೀಮ ಯಾರು, ಕೃಷ್ಣ ಯಾರು ಅಂತ ಫೋಟೊ ಹಾಕಿ, ಅಪ್ಪನ ಹೆಸರು ಸೇರಿಸಿ ಬರೆಸಿರುತ್ತಾರೆ. ದ್ರೌಪದಿ ಯಾರು ಅಂತ ಹುಡುಕಬೇಕು. ಎಲ್ಲೋ ಕೆಳಗಡೆ, ಸೀನರಿಯವರು ಮತ್ತು ಹಾರ್ಮೋನಿಯಂ ಮೇಷ್ಟ್ರ ಹೆಸರಿನ ಹತ್ತಿರ, ‘ಸ್ತ್ರೀ ಪಾತ್ರಧಾರಿಗಳು’ ಅಂತ ಒಂದು ಸಾಲು ಇರುತ್ತದೆ. ಕೆಲವು ಸಲ ಅದೂ ಇರುವುದಿಲ್ಲ.

ಇನ್ನೊಂದು ಲೆಕ್ಕವನ್ನೂ ನೀವು ನೋಡಿರುತ್ತೀರಿ. ಊರಿನ ಗಂಡಸರು ಪಾರ್ಟಿಗೆ ದುಡ್ಡು ಕೊಡುತ್ತಾರೆ. ದುರ್ಯೋಧನನ ಪಾರ್ಟಿಗೆ ಹೆಚ್ಚು, ಶಕುನಿಗೆ ಅದಕ್ಕಿಂತ ಕಡಿಮೆ, ವಿದುರನಿಗೆ ಇನ್ನೂ ಕಡಿಮೆ. ದ್ರೌಪದಿ, ಕುಂತಿ, ಉತ್ತರೆ ಪಾರ್ಟು ಮಾಡುವವರಿಗೆ ಮಾತ್ರ ಊರಿನವರೇ ದುಡ್ಡು ಕೊಟ್ಟು ಬೆಂಗಳೂರು, ತುಮಕೂರು, ಮಂಡ್ಯ ಕಡೆಯಿಂದ ಕರೆಸುತ್ತಾರೆ. ದುಡ್ಡು ಕೊಟ್ಟು ಬಣ್ಣ ಹಚ್ಚಿದವನು ಕಲಾಭಿಮಾನಿ. ದುಡ್ಡು ತಗೊಂಡು ಬಣ್ಣ ಹಚ್ಚಿದವಳು ‘ನಾಟಕದವಳು’. ಒಂದೇ ಸ್ಟೇಜು, ಒಂದೇ ರಾತ್ರಿ, ಒಂದೇ ಕಥೆ. ಆದರೂ ಅವನ ಮೈಗೆ ಒಂದು ಮರ್ಯಾದೆ, ಅವಳ ಮೈಗೆ ಇನ್ನೊಂದು.

ಇದು ಹೇಗೆ ಬಂತು? ಇದನ್ನು ಯಾರು ಎದುರಿಸಿದರು? ದ್ರೌಪದಿಯ ಸೀರೆಯನ್ನೇ ಹಿಡಿದುಕೊಂಡು ಆ ಚರಿತ್ರೆಯನ್ನು ನೋಡೋಣ ಅಂತ ಈ ಬರಹ.

ನಾಟಕದಲ್ಲಿ ನಾವು ದಾಟಿಸಿಬಿಡುವ ಮಾತು

ಮೊದಲು ಮೂಲ ಕಥೆ. ಜೂಜಿನಲ್ಲಿ ಸೋತ ಧರ್ಮರಾಯ ದ್ರೌಪದಿಯನ್ನೂ ಪಣಕ್ಕಿಟ್ಟು ಕಳೆದುಕೊಂಡ. ದುಶ್ಶಾಸನ ಅವಳ ಮುಡಿ ಹಿಡಿದು ಸಭೆಗೆ ಎಳೆತಂದ. ಇದು ಎಲ್ಲರಿಗೂ ಗೊತ್ತು. ಆ ಹೊತ್ತಲ್ಲಿ ಅವಳು ಮುಟ್ಟಾಗಿದ್ದಳು, ಮೈಮೇಲೆ ಒಂದೇ ಬಟ್ಟೆ ಇತ್ತು ಅನ್ನುವುದನ್ನು ನಾವು ಅಷ್ಟಾಗಿ ನೆನೆಯುವುದಿಲ್ಲ. ವ್ಯಾಸರ ಸಭಾಪರ್ವದಲ್ಲಿ ಇದು ಸ್ಪಷ್ಟವಾಗಿದೆ. ನಮ್ಮ ಕುಮಾರವ್ಯಾಸನೂ ಇದನ್ನು ಮುಚ್ಚಿಟ್ಟಿಲ್ಲ. ಮುಟ್ಟಾದವಳು ರಾಜಸಭೆಗೆ ಬರುವುದು ಹೇಗೆ ಅಂತ ಅವಳು ಬಾಯಿಬಿಟ್ಟೇ ಕೇಳುತ್ತಾಳೆ.

ಅವಳು ಅತ್ತು ಸುಮ್ಮನಾದವಳೂ ಅಲ್ಲ. ಧರ್ಮರಾಯ ಮೊದಲು ಸೋತದ್ದು ತನ್ನನ್ನೋ, ನನ್ನನ್ನೋ ಅಂತ ಸಭೆಗೆ ಪ್ರಶ್ನೆ ಹಾಕಿದಳು. ತಾನೇ ಇನ್ನೊಬ್ಬರ ದಾಸನಾದ ಮೇಲೆ ಹೆಂಡತಿಯನ್ನು ಪಣಕ್ಕಿಡಲು ಅವನಿಗೆ ಯಾವ ಹಕ್ಕು ಅನ್ನುವುದು ಅದರ ತಿರುಳು. ಅದು ಕಾನೂನಿನ ಪ್ರಶ್ನೆ. ಭೀಷ್ಮನಂಥವನೂ ಧರ್ಮ ಸೂಕ್ಷ್ಮ ಅಂತ ಜಾರಿಕೊಂಡ. ಕೌರವರ ಪೈಕಿ ವಿಕರ್ಣ ಒಬ್ಬ ಅವಳ ಪರ ಎದ್ದು ನಿಂತ. ಅವನ ಬಾಯಿ ಮುಚ್ಚಿಸಿದ್ದು ಕರ್ಣ. ಐದು ಗಂಡಂದಿರ ಹೆಂಗಸು ಇವಳು, ಇಂಥವಳನ್ನು ಸಭೆಗೆ ಎಳೆತಂದರೆ ತಪ್ಪೇನು ಅನ್ನುವ ಅರ್ಥದ ಮಾತಾಡಿದ.

ನಮ್ಮ ಊರಿನ ನಾಟಕಗಳಲ್ಲಿ ಕರ್ಣ ದೊಡ್ಡ ದಾನಿ, ದೊಡ್ಡ ಗೆಳೆಯ. ಈ ಮಾತು ಅವನ ಬಾಯಲ್ಲಿ ಹೆಚ್ಚಾಗಿ ಬರುವುದಿಲ್ಲ. ಮುಟ್ಟಿನ ಮಾತು ಬಂದರೂ ಒಂದೇ ಉಸಿರಲ್ಲಿ ಮುಗಿಯುತ್ತದೆ. ಉಳಿಯುವುದು ಸೀರೆ. ಒಂದಕ್ಕೊಂದು ಗಂಟು ಹಾಕಿದ ಸೀರೆಗಳು, ಎಳೆದು ಎಳೆದು ಸುಸ್ತಾಗುವ ದುಶ್ಶಾಸನ, ಮೇಲೆ ಲೈಟಿನಲ್ಲಿ ಕೈಯೆತ್ತಿ ನಿಂತ ಕೃಷ್ಣ. ಶಿಳ್ಳೆ ಬೀಳುವುದೂ ಅಲ್ಲೇ, ಚಪ್ಪಾಳೆ ಬೀಳುವುದೂ ಅಲ್ಲೇ. ಅವಳು ಕೇಳಿದ ಪ್ರಶ್ನೆ ಆ ಗದ್ದಲದಲ್ಲಿ ಯಾರ ಕಿವಿಗೂ ಬೀಳುವುದಿಲ್ಲ.

ಗಂಡಸರೇ ದ್ರೌಪದಿಯಾಗಿದ್ದ ಕಾಲ

ಬಹಳ ಕಾಲ ಆ ಪಾರ್ಟು ಹೆಂಗಸಿನ ಕೈಗೆ ಸಿಗಲೇ ಇಲ್ಲ. ಯಕ್ಷಗಾನ, ಮೂಡಲಪಾಯ, ಬಯಲಾಟ ಯಾವುದನ್ನು ತಗೊಂಡರೂ ಸ್ತ್ರೀವೇಷ ಗಂಡಸರದ್ದು. ಕಂಪನಿ ನಾಟಕ ಶುರುವಾದಾಗಲೂ ಹಾಗೇ. ಮರಾಠಿ ರಂಗಭೂಮಿಯ ಬಾಲಗಂಧರ್ವರು ಸ್ತ್ರೀಪಾತ್ರದಲ್ಲಿ ಎಷ್ಟು ಹೆಸರಾಗಿದ್ದರೆಂದರೆ ಅವರು ಸೀರೆ ಉಟ್ಟ ರೀತಿಯನ್ನು, ಮುಡಿದ ಹೂವನ್ನು ನೋಡಿ ಮನೆ ಹೆಂಗಸರು ಅನುಕರಿಸುತ್ತಿದ್ದರು. ಹೆಂಗಸು ಹೇಗಿದ್ದರೆ ಚಂದ ಅಂತ ಗಂಡಸು ತೋರಿಸಿಕೊಡುತ್ತಿದ್ದ, ಹೆಂಗಸು ಅದನ್ನು ಕಲಿಯುತ್ತಿದ್ದಳು.

ಬೆಂಗಳೂರಿನ ದೊಡ್ಡ ಹಬ್ಬವಾದ ಕರಗವೂ ದ್ರೌಪದಿಯದ್ದೇ. ಚೈತ್ರ ಹುಣ್ಣಿಮೆಯ ರಾತ್ರಿ ತಿಗಳರಪೇಟೆಯ ಧರ್ಮರಾಯಸ್ವಾಮಿ ಗುಡಿಯಿಂದ ಹೊರಡುವ ಕರಗವನ್ನು ತಿಗಳ ಸಮುದಾಯದ ಗಂಡಸು ಸ್ತ್ರೀವೇಷದಲ್ಲಿ, ಬಳೆ ತೊಟ್ಟು, ಮಲ್ಲಿಗೆ ಹೊತ್ತು ನಡೆಸಿಕೊಡುತ್ತಾನೆ. ಅದು ಆ ಸಮುದಾಯದ ಭಕ್ತಿ, ವ್ರತ. ಅದನ್ನು ಆಡಿಕೊಳ್ಳುವುದು ನಮ್ಮ ಉದ್ದೇಶ ಅಲ್ಲ. ನಮಗೆ ಕಂಡದ್ದು ಇಷ್ಟೇ: ದೇವಿಯಾದರೂ ಸರಿ, ನಾಟಕದ ರಾಣಿಯಾದರೂ ಸರಿ, ದ್ರೌಪದಿಯ ಮೈಯನ್ನು ಬೀದಿಯಲ್ಲಿ ಹೊರುವ ಹಕ್ಕು ಗಂಡಸಿಗೆ ಇತ್ತು.

ಹೆಂಗಸರು ಸ್ಟೇಜ್ ಹತ್ತಲು ಹೊರಟಾಗ ಅಡ್ಡಬಂದದ್ದು ಈ ಮೈಯ ಮಾತೇ. ಹತ್ತು ಜನ ಗಂಡಸರು ನೋಡುವ ಕಡೆ ನಿಂತವಳು ಗೃಹಿಣಿಯಾಗಲಾರಳು ಅನ್ನುವ ಲೆಕ್ಕ. ಅದಕ್ಕೇ ಮೊದಲು ಬಂದವರಲ್ಲಿ ಬಹಳ ಜನ ಹಾಡು, ಕುಣಿತವನ್ನೇ ಬದುಕು ಮಾಡಿಕೊಂಡಿದ್ದ ಮನೆತನದವರು. ಮೈಸೂರು ಸರ್ಕಾರ 1909ರಲ್ಲಿ ಮುಜರಾಯಿ ಗುಡಿಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿದ ಮೇಲೆ ಆ ಮನೆತನಗಳ ಅನ್ನದ ದಾರಿಯೂ ಮುಚ್ಚಿತ್ತು. ಗುಡಿಯ ಮೆಟ್ಟಿಲು ಇಳಿದವರಿಗೆ ಕಾಣುತ್ತಿದ್ದ ಬೇರೆ ದಾರಿಗಳು ಸಂಗೀತ ಕಚೇರಿ, ಗ್ರಾಮಫೋನ್ ತಟ್ಟೆ, ನಾಟಕ, ಆಮೇಲೆ ಸಿನಿಮಾ. ಬೀಳಗಿಯ ಅಮೀರ್‌ಬಾಯಿ ಕರ್ನಾಟಕಿ ಹಿಂದಿ ಸಿನಿಮಾದ ದೊಡ್ಡ ಗಾಯಕಿಯಾದರು. ಅವರ ಅಕ್ಕ ಗೋಹರ್‌ಬಾಯಿ ಬಾಲಗಂಧರ್ವರ ಕಂಪನಿ ಸೇರಿ, ಗಂಡಸು ಆಳಿದ್ದ ಆ ಸ್ತ್ರೀಪಾತ್ರಗಳನ್ನೇ ಮಾಡಿದರು.

ನಮ್ಮ ಕಡೆ 1884ರಲ್ಲಿ ಹುಟ್ಟಿದ ಗುಬ್ಬಿ ಕಂಪನಿಯೂ ಮೊದಲು ಗಂಡಸರದ್ದೇ. ಸ್ತ್ರೀಪಾತ್ರಕ್ಕೆ ಸ್ತ್ರೀಯರನ್ನೇ ತಂದು ನಿಲ್ಲಿಸಿದ ಮೊದಲಿಗರಲ್ಲಿ ಗುಬ್ಬಿ ವೀರಣ್ಣನವರೂ ಒಬ್ಬರು. ಬಿ. ಜಯಮ್ಮನವರಂಥ ನಟಿಯರು ಅಲ್ಲಿಂದ ಬಂದರು. ಜನ ಟಿಕೆಟ್ ತಗೊಂಡು ನೋಡಿದರು, ಹಾಡು ಬಾಯಿಪಾಠ ಮಾಡಿದರು. ಆದರೆ ಆ ನಟಿಯರಿಗೆ ಬಾಡಿಗೆ ಮನೆ ಕೊಡುವಾಗ, ಮಕ್ಕಳನ್ನು ಶಾಲೆಗೆ ಸೇರಿಸುವಾಗ ಕೇಳುವ ಪ್ರಶ್ನೆಗಳು ಬೇರೆ ಇದ್ದವು. ಹಳೆ ಕಂಪನಿ ಕಲಾವಿದೆಯರ ಬಾಯಲ್ಲಿ ಈ ಕಥೆ ಈಗಲೂ ಸಿಗುತ್ತದೆ.

ಮೀಸೆ ಹಚ್ಚಿಕೊಂಡ ನಾಗರತ್ನಮ್ಮ

ಈ ಚರಿತ್ರೆಯಲ್ಲಿ ದೊಡ್ಡ ತಿರುವು ಬೆಂಗಳೂರಿನಲ್ಲಿ ಆಯಿತು. 1926ರಲ್ಲಿ ಹುಟ್ಟಿದ ಆರ್. ನಾಗರತ್ನಮ್ಮ ಬೇರೆ ಬೇರೆ ನಾಟಕ ಕಂಪನಿಗಳಲ್ಲಿ ಪಳಗಿದವರು. 1958ರಲ್ಲಿ ಅವರು ‘ಸ್ತ್ರೀ ನಾಟಕ ಮಂಡಳಿ’ ಕಟ್ಟಿದರು. ಹೆಸರೇ ಹೇಳುವಂತೆ ಅಲ್ಲಿ ಎಲ್ಲ ಪಾರ್ಟೂ ಹೆಂಗಸರದ್ದು. ಕೃಷ್ಣನೂ ಹೆಂಗಸು, ಅರ್ಜುನನೂ ಹೆಂಗಸು. ನಾಗರತ್ನಮ್ಮನವರ ಕೈಗೆ ಬಂದದ್ದು ಅಬ್ಬರದ ಪಾರ್ಟುಗಳು: ಕಂಸ, ರಾವಣ, ಭೀಮ, ದುರ್ಯೋಧನ.

ಇದರ ತೂಕ ಏನು ಅಂತ ಹಳ್ಳಿ ನಾಟಕ ನೋಡಿದವರಿಗೆ ಬಿಡಿಸಿ ಹೇಳಬೇಕಿಲ್ಲ. ಭೀಮ ಅಂದರೆ ಕಾಲು ಅಗಲಿಸಿ ನಿಲ್ಲಬೇಕು, ಎದೆ ಉಬ್ಬಿಸಬೇಕು, ಹಲಗೆ ಅದುರುವಂತೆ ಹೆಜ್ಜೆ ಹಾಕಬೇಕು, ಗದೆ ತಿರುಗಿಸಬೇಕು, ತೊಡೆ ತಟ್ಟಬೇಕು, ಹೊಟ್ಟೆಯಿಂದ ಗರ್ಜಿಸಬೇಕು. ಹೆಣ್ಣುಮಗು ನಡೆಯಲು ಕಲಿತ ದಿನದಿಂದ ಮನೆಯಲ್ಲಿ ಹೇಳುವುದು ಇದರ ಉಲ್ಟಾ. ಕಾಲು ಕೂಡಿಸಿ ಕೂತ್ಕೋ, ಮೆಲ್ಲಗೆ ಮಾತಾಡು, ಜೋರಾಗಿ ನಗಬೇಡ, ಎದೆ ಮುಂದೆ ಮಾಡಿ ನಡೀಬೇಡ, ಸೆರಗು ಸರಿ ಮಾಡ್ಕೋ. ಮೂವತ್ತು ವರ್ಷ ದಾಟಿದ ಹೆಂಗಸೊಬ್ಬರು ಮೀಸೆ ಅಂಟಿಸಿ, ಕಿರೀಟ ಇಟ್ಟು, ಸಾವಿರ ಜನರ ಎದುರು ತೊಡೆ ತಟ್ಟಿದಾಗ ಆ ಪಾಠ ಅಷ್ಟೂ ಸ್ಟೇಜಿನ ಮೇಲೆ ಬಿದ್ದುಹೋಗುತ್ತಿತ್ತು. ಗಂಡಸಿನ ಗತ್ತು ಹುಟ್ಟಿನಿಂದ ಬಂದದ್ದಲ್ಲ, ಕಲಿತದ್ದು, ಕಲಿತರೆ ಹೆಂಗಸಿಗೂ ಬರುತ್ತದೆ ಅಂತ ಟಿಕೆಟ್ ಕೊಟ್ಟು ಬಂದವರು ಕಣ್ಣಾರೆ ನೋಡಿದರು.

ಇನ್ನೂ ಒಂದು ವಿಷಯ ಇದೆ. ಎಲ್ಲರೂ ಹೆಂಗಸರೇ ಇರುವ ತಂಡದಲ್ಲಿ ಸೀರೆ ಎಳೆಯುವ ದುಶ್ಶಾಸನನೂ ಹೆಂಗಸೇ. ಆ ಸೀನು ನಡೆಯುವಾಗ ಸೀರೆ ಉಟ್ಟವಳ ಭಯ ಎಳೆಯುವವಳಿಗೂ ಗೊತ್ತಿರುತ್ತದೆ. ಪಕ್ಕದ ಊರಿಂದ ಬಂದ ಗೊತ್ತಿಲ್ಲದ ಗಂಡಸಿನ ಕೈ ಎಲ್ಲಿ ತಾಗುತ್ತದೋ ಅಂತ ಹೆದರುತ್ತಾ ಡೈಲಾಗ್ ಹೇಳುವ ಸ್ಥಿತಿ ಅಲ್ಲಿ ಇಲ್ಲ.

ನಾಗರತ್ನಮ್ಮ ತಮ್ಮನ್ನು ಸ್ತ್ರೀವಾದಿ ಅಂತ ಕರೆದುಕೊಳ್ಳಲು ಮಂಡಳಿ ಕಟ್ಟಿದವರಲ್ಲ. ಅದು ಅವರ ಕಸುಬು, ಅವರ ಅನ್ನ. ಅವರಿಗೆ ಕೇಂದ್ರ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಬಂತು. 2012ರಲ್ಲಿ, ಎಂಬತ್ತು ದಾಟಿದ ಮೇಲೆ, ಪದ್ಮಶ್ರೀ ಬಂತು. ಅದೇ ವರ್ಷ ಅಕ್ಟೋಬರ್‌ನಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಇದೇ ಹಾದಿಯಲ್ಲಿ ಛತ್ತೀಸಗಢದ ತೀಜನ್ ಬಾಯಿಯನ್ನೂ ನೆನೆಯಬೇಕು. ಅಲ್ಲಿನ ಪಂಡವಾನಿ ಅನ್ನುವ ಭಾರತಕಥೆಯಲ್ಲಿ ಹೆಂಗಸು ಕೂತು ಹಾಡಬೇಕಿತ್ತು, ನಿಂತು ಅಭಿನಯಿಸುವುದು ಗಂಡಸಿನ ಶೈಲಿ. ತೀಜನ್ ಎದ್ದು ನಿಂತು ಹಾಡಿದರು. ಕೈಯಲ್ಲಿದ್ದ ತಂಬೂರಿಯೇ ಭೀಮನ ಗದೆಯಾಯಿತು. ಜಾತಿಯವರು ಹೊರಗೆ ಹಾಕಿದರು. ಅವರು ಹಾಡುವುದನ್ನು ಬಿಡಲಿಲ್ಲ. 2019ರಲ್ಲಿ ದೇಶ ಅವರಿಗೆ ಪದ್ಮವಿಭೂಷಣ ಕೊಟ್ಟಿತು.

ಬಟ್ಟೆ ತಾವೇ ಬಿಟ್ಟವರು

ದ್ರೌಪದಿಯ ಸೀರೆಯನ್ನು ಬೇರೆಯವರು ಎಳೆದರು. ತಾನಾಗಿಯೇ ಬಟ್ಟೆ ಬಿಟ್ಟು ನಡೆದವಳೊಬ್ಬಳ ಕಥೆಯೂ ನಮ್ಮ ನೆಲದಲ್ಲೇ ಇದೆ. ಶಿವಮೊಗ್ಗ ಜಿಲ್ಲೆಯ ಉಡುತಡಿಯ ಅಕ್ಕಮಹಾದೇವಿ, 12ನೇ ಶತಮಾನದವಳು. ಕೌಶಿಕನ ಅರಮನೆಯನ್ನೂ ಅವನು ಕೊಟ್ಟ ಬಟ್ಟೆಯನ್ನೂ ಬಿಟ್ಟು ಕಲ್ಯಾಣದ ದಾರಿ ಹಿಡಿದಳು ಅನ್ನುತ್ತದೆ ಪರಂಪರೆ. ಅನುಭವ ಮಂಟಪದಲ್ಲಿ ಅಲ್ಲಮಪ್ರಭು ಅವಳನ್ನು ಸುಮ್ಮನೆ ಒಳಗೆ ಬಿಡಲಿಲ್ಲ. ಎಲ್ಲ ಬಿಟ್ಟವಳು ಕೂದಲಿಂದ ಮೈ ಯಾಕೆ ಮುಚ್ಚಿಕೊಂಡಿದ್ದೀಯ ಅಂತ ಕೇಳಿದ. ನನಗಾಗಿ ಅಲ್ಲ, ನೋಡುವ ನಿಮ್ಮ ಮನಸ್ಸು ಕೆಡಬಾರದು ಅಂತ ಅನ್ನುವ ಹುರುಳಿನ ಉತ್ತರ ಕೊಟ್ಟಳು ಅಂತ ಶೂನ್ಯಸಂಪಾದನೆ ಹೇಳುತ್ತದೆ. ತಪ್ಪು ಮೈಯಲ್ಲಿ ಇಲ್ಲ, ನೋಟದಲ್ಲಿ ಇದೆ ಅಂತ ಎಂಟು ನೂರು ವರ್ಷದ ಹಿಂದೆಯೇ ಕನ್ನಡದ ಹೆಣ್ಣುಮಗಳೊಬ್ಬಳು ಸಭೆಯಲ್ಲಿ ಹೇಳಿದಳು. ನಾವು ಆ ಮಾತನ್ನು ಬಿಟ್ಟು ಉದ್ದ ಕೂದಲಿನ ಫೋಟೊ ಮಾತ್ರ ಗೋಡೆಗೆ ಹಾಕಿಕೊಂಡಿದ್ದೇವೆ.

ಇವತ್ತು ನಗರದ ಕಲಾಶಾಲೆಗಳಲ್ಲಿ ‘ಪರ್ಫಾರ್ಮೆನ್ಸ್ ಆರ್ಟ್’ ಅನ್ನುವ ಮಾತಿದೆ. ಚಿತ್ರಗಾರನಿಗೆ ಬಣ್ಣ ಇದ್ದಂತೆ ಇಲ್ಲಿ ಕಲಾವಿದರ ಮೈಯೇ ಸಾಮಗ್ರಿ. ಕಥೆ, ಪರದೆ, ವೇಷ ಏನೂ ಬೇಕಿಲ್ಲ. ಜಪಾನಿನ ಯೋಕೊ ಓನೊ 1964ರಲ್ಲಿ ಕ್ಯೋಟೊ ನಗರದ ಸ್ಟೇಜಿನಲ್ಲಿ ಸುಮ್ಮನೆ ಕೂತು, ಮುಂದೆ ಒಂದು ಕತ್ತರಿ ಇಟ್ಟು, ಬಂದವರು ತನ್ನ ಬಟ್ಟೆಯನ್ನು ಒಂದೊಂದು ತುಂಡು ಕತ್ತರಿಸಿಕೊಂಡು ಹೋಗಲು ಬಿಟ್ಟರು. ಅವರು ಅಲುಗಲಿಲ್ಲ. ಬಂದವರ ಕೈ ಎಲ್ಲಿಯವರೆಗೆ ಹೋಗುತ್ತದೆ ಅನ್ನುವುದೇ ಅಲ್ಲಿಯ ಕಥೆ. ಕೃಷ್ಣ ಬರದಿದ್ದರೆ ಕೌರವರ ಸಭೆಯಲ್ಲಿ ಏನಾಗುತ್ತಿತ್ತು ಅನ್ನುವುದನ್ನು ಇದು ನೆನಪಿಸುತ್ತದೆ.

ದ್ರೌಪದಿಯ ಹೆಸರಲ್ಲೇ ಇದಕ್ಕಿಂತ ಗಟ್ಟಿಯಾದ ಒಂದು ನಾಟಕ ನಮ್ಮ ದೇಶದಲ್ಲೇ ಆಯಿತು. ಬಂಗಾಳಿ ಲೇಖಕಿ ಮಹಾಶ್ವೇತಾ ದೇವಿಯವರ ಒಂದು ಕಥೆ ಇದೆ, ಹೆಸರು ‘ದ್ರೌಪದಿ’. ಅದರಲ್ಲಿ ದೋಪ್ದಿ ಅನ್ನುವ ಸಂತಾಲ ಹೆಂಗಸನ್ನು ಹಿಡಿದ ಪಡೆಯವರು ರಾತ್ರಿಯಿಡೀ ಅತ್ಯಾಚಾರ ಮಾಡುತ್ತಾರೆ. ಬೆಳಗ್ಗೆ ಸಾಹೇಬರ ಮುಂದೆ ಬಾ ಅಂತ ಬಟ್ಟೆ ಕೊಟ್ಟರೆ ಅವಳು ಉಡುವುದಿಲ್ಲ. ಬೆತ್ತಲೆಯಾಗಿಯೇ ಅಧಿಕಾರಿಯ ಎದುರು ಹೋಗಿ ನಿಲ್ಲುತ್ತಾಳೆ. ಆಗ ಮೊದಲ ಸಲ ಅವನು ಹೆದರುತ್ತಾನೆ. ಇಲ್ಲಿ ಕೃಷ್ಣ ಇಲ್ಲ, ಸೀರೆ ಉದ್ದ ಆಗುವುದಿಲ್ಲ.

ಮಣಿಪುರದ ನಿರ್ದೇಶಕ ಕನ್ಹೈಲಾಲ್ ಇದನ್ನು 2000ದಲ್ಲಿ ನಾಟಕ ಮಾಡಿದರು. ಅವರ ಪತ್ನಿ ಸಾವಿತ್ರಿ ಹೈಸ್ನಾಂ ದೋಪ್ದಿಯಾದರು. ಅವರಿಗೆ ಆಗ ಐವತ್ತು ದಾಟಿತ್ತು. ಕೊನೆಯ ಸೀನಿನಲ್ಲಿ ಅವರು ಬಟ್ಟೆ ಕಳಚಿ ನಿಂತರು. ಇಂಫಾಲದಲ್ಲಿ ಭಾರೀ ಗಲಾಟೆಯಾಯಿತು, ಬಾಯಿಗೆ ಬಂದಂತೆ ಬೈದರು.

ನಾಲ್ಕು ವರ್ಷದ ನಂತರ, 2004ರ ಜುಲೈ 11ರಂದು, ಅಸ್ಸಾಂ ರೈಫಲ್ಸ್ ಹಿಡಿದುಕೊಂಡು ಹೋದ ತಂಗ್ಜಂ ಮನೋರಮಾ ಅನ್ನುವ ಯುವತಿ ಹೆಣವಾಗಿ ಸಿಕ್ಕಳು. ಜುಲೈ 15ರಂದು 12 ಜನ ಹೆಂಗಸರು, ಮಕ್ಕಳನ್ನು ಹೆತ್ತು ಬೆಳೆಸಿದ ತಾಯಂದಿರು, ಇಂಫಾಲದ ಕಾಂಗ್ಲಾ ಕೋಟೆಯ ಬಾಗಿಲಲ್ಲಿ ಬಟ್ಟೆ ಕಳಚಿ ನಿಂತು ಸೇನೆಗೆ ಸವಾಲು ಹಾಕಿದರು. ಅದು ನಾಟಕ ಅಲ್ಲ, ನಿಜವಾದ ಬೀದಿ, ನಿಜವಾದ ಬಂದೂಕು. ಅದೇ ಆಗಸ್ಟ್‌ನಲ್ಲಿ ಇಂಫಾಲ ನಗರ ಪ್ರದೇಶದಿಂದ ಸೇನಾ ವಿಶೇಷಾಧಿಕಾರ ಕಾಯ್ದೆಯನ್ನು ತೆಗೆದರು. ನವೆಂಬರ್‌ನಲ್ಲಿ ಅಸ್ಸಾಂ ರೈಫಲ್ಸ್ ಕೋಟೆ ಖಾಲಿ ಮಾಡಿತು. ಸಾವಿತ್ರಿಯವರನ್ನು ಬೈದಿದ್ದ ಊರಿಗೆ ಅವರು ಮಾಡಿದ್ದು ಏನು ಅಂತ ಆಗ ಅರ್ಥವಾಗಿರಬೇಕು.

ಬೆಂಗಳೂರಿನ ಬಟ್ಟೆಗಳು

ಈಗ ನಮ್ಮ ಬೆಂಗಳೂರಿಗೆ ಬರೋಣ. 2003ರಲ್ಲಿ ಸೃಷ್ಟಿ ಕಲಾಶಾಲೆಯ ವಿದ್ಯಾರ್ಥಿನಿಯಾಗಿದ್ದ ಜಸ್ಮೀನ್ ಪಥೇಜಾ ‘ಬ್ಲಾಂಕ್ ನಾಯ್ಸ್’ ಅನ್ನುವ ಕೆಲಸ ಶುರು ಮಾಡಿದರು. ಬಸ್ಸಲ್ಲಿ, ರಸ್ತೆಯಲ್ಲಿ ಹೆಣ್ಣುಮಕ್ಕಳನ್ನು ಮುಟ್ಟುವುದು, ಚುಡಾಯಿಸುವುದು ಎಲ್ಲರಿಗೂ ಗೊತ್ತಿದ್ದರೂ ಯಾರೂ ಬಾಯಿ ಬಿಡದ ವಿಷಯವಾಗಿತ್ತು. ಅದನ್ನು ಬೀದಿಗೇ ತಂದು, ಬೀದಿಯಲ್ಲೇ ಕಲೆ ಮಾಡಿದರು.

ಅವರ ಒಂದು ಕೆಲಸ ಬಟ್ಟೆ ಕೂಡಿಸುವುದು. ತೊಂದರೆಯಾದ ದಿನ ನೀವು ಹಾಕಿದ್ದ ಬಟ್ಟೆ ಕೊಡಿ ಅಂತ ಹೆಣ್ಣುಮಕ್ಕಳನ್ನು ಕೇಳಿದರು. ಸ್ಕೂಲ್ ಯೂನಿಫಾರಂ, ಚೂಡಿದಾರ, ಸೀರೆ, ಪ್ಯಾಂಟು ಯಾವುದಾದರೂ ಸರಿ. ಆ ಬಟ್ಟೆಗಳನ್ನು ಸಾಕ್ಷಿಯಾಗಿ ಜನರ ಮುಂದೆ ಇಟ್ಟರು. ‘ಅವಳು ಎಂಥ ಬಟ್ಟೆ ಹಾಕಿದ್ದಳು’ ಅಂತ ಕೇಳುವವರಿಗೆ ಇದು ಉತ್ತರ. ಯೂನಿಫಾರಂ ನೋಡಿದ ಮೇಲೆ ಆ ಪ್ರಶ್ನೆ ಕೇಳಲು ಯಾರಿಗೆ ಬಾಯಿ ಬರುತ್ತದೆ? ಕರ್ಣ ಸಭೆಯಲ್ಲಿ ಆಡಿದ ಮಾತೂ ಇದೇ ಜಾತಿಯದ್ದು: ತಪ್ಪು ಮಾಡಿದವನನ್ನು ಬಿಟ್ಟು ಹೆಂಗಸಿನ ನಡತೆ ವಿಚಾರಿಸುವುದು.

2016ರ ಡಿಸೆಂಬರ್ 31ರ ರಾತ್ರಿ ಎಂ.ಜಿ. ರಸ್ತೆ, ಬ್ರಿಗೇಡ್ ರಸ್ತೆಯಲ್ಲಿ ಹೆಣ್ಣುಮಕ್ಕಳ ಮೇಲೆ ಕೈ ಹಾಕಿದ ಸುದ್ದಿ ಬಂದಾಗ ಅಧಿಕಾರದಲ್ಲಿದ್ದವರ ಬಾಯಲ್ಲೇ ಪಾಶ್ಚಾತ್ಯ ಉಡುಪಿನ ಮಾತು ಬಂತು. 2017ರ ಜನವರಿ 21ರಂದು ಬೆಂಗಳೂರೂ ಸೇರಿ ದೇಶದ ಹಲವು ಊರುಗಳಲ್ಲಿ ಹೆಂಗಸರು ಬೀದಿಗಿಳಿದು ನಡೆದರು. ನಾವು ಹೊರಗೆ ಬಂದೇ ಬರುತ್ತೇವೆ ಅನ್ನುವುದು ಅವತ್ತಿನ ಘೋಷಣೆ.

ಬ್ಲಾಂಕ್ ನಾಯ್ಸ್‌ನವರ ಇನ್ನೊಂದು ಕೆಲಸ ಇನ್ನೂ ಸರಳ. ಹೆಂಗಸರು ಪಾರ್ಕಿಗೆ ಹೋಗಿ ಮಲಗಿ ನಿದ್ದೆ ಮಾಡುವುದು, ಅಷ್ಟೇ. ಕಬ್ಬನ್ ಪಾರ್ಕಿನಂಥ ಕಡೆ ಹುಲ್ಲಿನ ಮೇಲೆ ಚಾಪೆ ಹಾಸಿ ಮಲಗಿದರು. ಓದಲು ತಮಾಷೆ ಅನ್ನಿಸಬಹುದು. ಆದರೆ ನಿಮ್ಮ ಊರಿನ ಅರಳಿಕಟ್ಟೆಯನ್ನು ನೆನೆಸಿಕೊಳ್ಳಿ. ಮಧ್ಯಾಹ್ನ ಟವಲ್ ಮುಖದ ಮೇಲೆ ಹಾಕಿಕೊಂಡು ಮಲಗಿರುವವರು ಯಾರು? ಎಲ್ಲ ಗಂಡಸರು. ಬೆಳಗ್ಗೆಯಿಂದ ಕಳೆ ಕಿತ್ತು ಬಂದ ಹೆಂಗಸು ಆ ಕಟ್ಟೆ ಮೇಲೆ ಅರ್ಧ ಗಂಟೆ ಕಾಲು ಚಾಚಿದರೆ ಊರು ಏನನ್ನುತ್ತದೆ? ಬೀದಿಯಲ್ಲಿ ಹೆಂಗಸಿನ ಮೈ ಕೆಲಸ ಮಾಡಬಹುದು, ಭಾರ ಹೊರಬಹುದು, ಸುಮ್ಮನೆ ಸುಧಾರಿಸಿಕೊಳ್ಳುವ ಹಾಗಿಲ್ಲ. ಪಾರ್ಕಿನಲ್ಲಿ ಮಲಗಿದವರು ಈ ಕಟ್ಟಳೆಯನ್ನೇ ಮುರಿದರು.

ಈಗ ನಮ್ಮ ಊರಿನ ಸ್ಟೇಜು

ಇವೆಲ್ಲ ಪಟ್ಟಣದ ಕಲೆ, ನಮಗೆ ಯಾಕೆ ಅನ್ನಬೇಡಿ. ಬೆಂಗಳೂರಿನಲ್ಲಿ ಈಗ ಮಹಿಳೆಯರೇ ತಂಡ ಕಟ್ಟಿಕೊಂಡು ಎಲ್ಲ ಪಾರ್ಟನ್ನೂ ತಾವೇ ಮಾಡುವ ಕುರುಕ್ಷೇತ್ರ ಪ್ರದರ್ಶನಗಳು ನಡೆಯುತ್ತಿವೆ. ನಾಗರತ್ನಮ್ಮ ಹಚ್ಚಿದ ಮೀಸೆ ಇನ್ನೂ ಅಳಿಸಿಲ್ಲ.

ಆದರೆ ಊರ ನಾಟಕಕ್ಕೆ ಬರುವ ಸ್ತ್ರೀಪಾತ್ರದವರ ಪಾಡು ಹೆಚ್ಚು ಬದಲಾಗಿಲ್ಲ. ಸಂಜೆ ಬಸ್ಸಲ್ಲೋ ಬಾಡಿಗೆ ಕಾರಲ್ಲೋ ಬಂದು ಇಳಿಯುತ್ತಾರೆ. ಸೀರೆ ಬದಲಿಸಲು ಜಾಗ ಅಂದರೆ ಸ್ಟೇಜ್ ಹಿಂದಿನ ಟಾರ್ಪಾಲಿನ ಮರೆ. ಟಾಯ್ಲೆಟ್ ಇರುವುದಿಲ್ಲ, ಅದಕ್ಕೇ ಎಷ್ಟೋ ಜನ ರಾತ್ರಿಯಿಡೀ ನೀರು ಕುಡಿಯುವುದಿಲ್ಲ. ಮುಟ್ಟಿನ ದಿನವಾದರೆ ಕಷ್ಟ ಇನ್ನೂ ಹೆಚ್ಚು. ಒಪ್ಪಿದ ನಾಟಕ ತಪ್ಪಿಸಿದರೆ ಮುಂದಿನ ಸಲ ಕರೆಯುವುದಿಲ್ಲ, ಹೇಳಿಕೊಂಡರೆ ಗುಡಿ ಮುಂದಿನ ಸ್ಟೇಜಿಗೆ ಮೈಲಿಗೆ ಅನ್ನುತ್ತಾರೆ. ಸಭೆಗೆ ಎಳೆತಂದಾಗ ದ್ರೌಪದಿ ಇದ್ದ ಸ್ಥಿತಿಯಲ್ಲೇ ಆ ಪಾರ್ಟು ಮಾಡುವ ಹೆಣ್ಣುಮಗಳು ಅದನ್ನು ಯಾರಿಗೂ ಹೇಳದೆ ಡೈಲಾಗ್ ಹೇಳುತ್ತಾಳೆ. ಬೆಳಗಿನ ಜಾವ ಕೆಂಗೇರಿಯಲ್ಲೋ ವಿಜಯನಗರದಲ್ಲೋ ಇಳಿದು, ಮುಖದ ಬಣ್ಣ ಪೂರ್ತಿ ಹೋಗದೆಯೇ, ಒಬ್ಬಳೇ ಮನೆಗೆ ನಡೆಯುತ್ತಾಳೆ.

ನೀವು ನಾಟಕದ ಕಮಿಟಿಯಲ್ಲಿ ಇದ್ದರೆ ಇಷ್ಟು ಮಾಡಬಹುದು. ಸ್ಟೇಜಿನ ಹತ್ತಿರದ ಒಂದು ಮನೆಯ ಕೋಣೆ ಮತ್ತು ಟಾಯ್ಲೆಟ್ಟನ್ನು ಆ ರಾತ್ರಿಗೆ ಬಿಡಿಸಿಕೊಡಿ. ಸೀರೆ ಎಳೆಯುವ ಸೀನನ್ನು ಮೊದಲೇ ಅವರ ಜೊತೆ ಪ್ರಾಕ್ಟೀಸ್ ಮಾಡಿಸಿ, ಕೈ ಎಲ್ಲಿ ಹಾಕಬಾರದು ಅಂತ ದುಶ್ಶಾಸನನಿಗೆ ಎಲ್ಲರ ಎದುರೇ ಹೇಳಿ. ಕುಡಿದು ಸ್ಟೇಜ್ ಹತ್ತಿ ನೋಟು ಪಿನ್ ಮಾಡಲು ಬರುವವರನ್ನು ಕೆಳಗೇ ತಡೆಯಿರಿ. ಒಪ್ಪಿದ ದುಡ್ಡನ್ನು ನಾಟಕ ಶುರುವಾಗುವ ಮೊದಲೇ ಕೊಡಿ, ಮನೆಯವರೆಗೆ ಬಿಟ್ಟುಬರಲು ಗಾಡಿ ಮಾಡಿ. ಫ್ಲೆಕ್ಸಿನಲ್ಲಿ ಅವರನ್ನು ಕೇಳಿ, ಒಪ್ಪಿದರೆ ದುರ್ಯೋಧನನ ಪಕ್ಕದಲ್ಲೇ ಹೆಸರು ಹಾಕಿ.

ಸಭೆಯ ಸೀನಿನಲ್ಲಿ ಹಾರ್ಮೋನಿಯಂ ಮೇಷ್ಟ್ರಿಗೆ ಹೇಳಿ ಎರಡು ನಿಮಿಷ ಬಿಡುವು ಕೊಡಿಸಿ. ಧರ್ಮರಾಯ ಮೊದಲು ಸೋತದ್ದು ಯಾರನ್ನು ಅಂತ ಆ ಹೆಣ್ಣುಮಗಳು ಪೂರ್ತಿ ಕೇಳಲಿ. ಸೀರೆ ಆಮೇಲೆ ಎಳೆದರಾಯಿತು.